ಷರಾ ಬರೆದ ಓದುಗ

ಸಾಹಿತ್ಯ ಮತ್ತು ಕಣ್ಗಾವಲು ನನ್ನ ಸಂಶೋಧನೆಯ ವಿಷಯವೆಂದು ಹೇಳಿದಾಗ ಎದುರಿಗಿದ್ದವರು ಪತ್ತೇದಾರಿ ಕಾದಂಬರಿಗಳ ಮಾತು ತೆಗೆಯುವುದು ವಾಡಿಕೆ. ಇಂಗ್ಲಿಷ್ ಅಧ್ಯಾಪಕರಾದರೆ ಪ್ರಜೆಗಳ ಮೇಲೆ ಸದಾ ಕಣ್ಣಿಟ್ಟಿರುವ ಸರ್ಕಾರವನ್ನು ಚಿತ್ರಿಸುವ, 1949ರಲ್ಲಿ ಪ್ರಕಟವಾದ ಆರ್ವೆಲ್ಲನ ಕಾದಂಬರಿಯನ್ನು ನೆನೆಯುತ್ತಾರೆ. ಎರಡೂ ತಪ್ಪಲ್ಲ. ಆದರೆ ಈ ವೃತ್ತಿಯಲ್ಲಿ ನಾನು ಹೆಚ್ಚು ಹೊತ್ತು ಕಳೆದಿರುವುದು ಕೃತಿಗಳ ಜೊತೆಗಲ್ಲ. ಅವುಗಳನ್ನು ಓದಿ ವರದಿ ಮಾಡಲೆಂದೇ ಸರ್ಕಾರ ಸಂಬಳ ಕೊಟ್ಟು ಇಟ್ಟುಕೊಂಡಿದ್ದ ಗ್ರಂಥಪಾಲರು, ಅನುವಾದಕರು ಮತ್ತು ಪೊಲೀಸ್ ಅಧಿಕಾರಿಗಳ ಟಿಪ್ಪಣಿಗಳ ಜೊತೆಗೆ. ನಮ್ಮ ಕಾವ್ಯಮೀಮಾಂಸೆ ಒಳ್ಳೆಯ ಓದುಗನಿಗೆ ಸಹೃದಯ ಎಂಬ ಹೆಸರು ಕೊಟ್ಟಿತು. ಹೃದಯದ ಗೊಡವೆಯೇ ಇಲ್ಲದೆ, ಆದರೂ ಒಂದಕ್ಷರ ಬಿಡದಂತೆ ಓದುವ ಇನ್ನೊಬ್ಬ ಓದುಗನಿದ್ದಾನೆ. ಅವನು ಹೇಗೆ ಓದಿದ ಎಂಬುದನ್ನು ಓದುವುದು ನನ್ನ ಕೆಲಸ.

ಅವನ ವಿಳಾಸ ಸಿಗುವುದು 1867ರ ಮುದ್ರಣಾಲಯ ಮತ್ತು ಪುಸ್ತಕ ನೋಂದಣಿ ಕಾಯಿದೆಯ ಬೆನ್ನು ಹಿಡಿದು ಹೋದಾಗ. ಬ್ರಿಟಿಷ್ ಇಂಡಿಯಾದಲ್ಲಿ ಅಚ್ಚಾದ ಪ್ರತಿ ಪುಸ್ತಕವನ್ನೂ ಸರ್ಕಾರಕ್ಕೆ ಒಪ್ಪಿಸಬೇಕಿತ್ತು. ಅದರ ಹೆಸರು, ಭಾಷೆ, ಮುದ್ರಕ, ಪುಟ, ಪ್ರತಿಗಳ ಸಂಖ್ಯೆ, ಬೆಲೆಗಳು ಮೂರು ತಿಂಗಳಿಗೊಮ್ಮೆ ಗೆಜೆಟ್ಟಿನಲ್ಲಿ ಪಟ್ಟಿಯಾಗಿ ಬರುತ್ತಿದ್ದವು. ಕೊನೆಯಲ್ಲಿ ಷರಾ ಬರೆಯುವ ಜಾಗವಿತ್ತು. ಬಂಗಾಳದ ಪಟ್ಟಿಗಳಲ್ಲಿ ಈ ಷರಾ ವರ್ಷದಿಂದ ವರ್ಷಕ್ಕೆ ಉದ್ದವಾಗುತ್ತ ಹೋಗಿ, ಕಥಾಸಾರವನ್ನು ದಾಟಿ, ಇದು ಅಶ್ಲೀಲ, ಇದು ಪೇಲವ, ಇದರಲ್ಲಿ ಗುಣವಿದೆ ಎನ್ನುವ ವಿಮರ್ಶೆಯೇ ಆಗಿಬಿಟ್ಟಿತು. 1905ರ ಬಂಗಾಳ ವಿಭಜನೆಯವರೆಗೆ ಇದು ಬಹುಮಟ್ಟಿಗೆ ತಿಳಿದುಕೊಳ್ಳುವ ಹಂಬಲವಾಗಿತ್ತು. ಆಮೇಲೆ ಮೊಕದ್ದಮೆಗಳ ಕಚ್ಚಾ ಸಾಮಗ್ರಿಯಾಯಿತು. ಕನ್ನಡ ಪುಸ್ತಕಗಳನ್ನು ಹುಡುಕುವವರು ಧಾರವಾಡ, ಬೆಳಗಾವಿಗಳಿಗೆ ಮುಂಬಯಿ ಪ್ರಾಂತ್ಯದ ಪಟ್ಟಿಗಳನ್ನೂ, ಮಂಗಳೂರು, ಬಳ್ಳಾರಿಗಳಿಗೆ ಮದರಾಸಿನ ಪಟ್ಟಿಗಳನ್ನೂ ತೆರೆಯಬೇಕಾಗುತ್ತದೆ.

ಈ ಕ್ಷೇತ್ರಕ್ಕೆ ಹೊಸದಾಗಿ ಬರುವವರಿಗೆ ನಾನು ಮೊದಲು ಹೇಳುವುದು ಪಾದ್ರಿ ಜೇಮ್ಸ್ ಲಾಂಗನ ಕಥೆ. 1859ರಲ್ಲಿ ಸರ್ಕಾರಕ್ಕಾಗಿ ಬಂಗಾಳಿ ಪುಸ್ತಕಲೋಕದ ವಿವರವಾದ ವರದಿ ಸಿದ್ಧಪಡಿಸಿ, ಆಳುವವರು ಜನರ ಮನಸ್ಸನ್ನು ಅರಿಯಲು ಇವನ್ನೆಲ್ಲ ಓದಬೇಕೆಂದು ವಾದಿಸಿದವನು ಆತ. ಎರಡೇ ವರ್ಷದಲ್ಲಿ, ನೀಲಿ ಬಣ್ಣದ ಗಿಡ ಬೆಳೆಸುವ ತೋಟಗಳ ಸಾಹೇಬರ ದೌರ್ಜನ್ಯವನ್ನು ತೋರಿಸುವ ದೀನಬಂಧು ಮಿತ್ರರ ನಾಟಕದ ಇಂಗ್ಲಿಷ್ ಅನುವಾದವನ್ನು ಹೊರತಂದದ್ದಕ್ಕೆ ಅವನಿಗೆ ಒಂದು ತಿಂಗಳ ಸೆರೆವಾಸ ಮತ್ತು 1,000 ರೂಪಾಯಿ ದಂಡ ಬಿತ್ತು. ಪಟ್ಟಿ ಮಾಡಿದವನೇ ಪಟ್ಟಿಯೊಳಕ್ಕೆ ಸೇರಿದ. ನೋಡುವವನು ಒಂದು ಕಡೆ, ನೋಡಲ್ಪಡುವವನು ಇನ್ನೊಂದು ಕಡೆ ಎಂಬ ಸರಳ ಚಿತ್ರವನ್ನು ಕೆಡಿಸಲು ಈ ಒಂದು ಪ್ರಕರಣ ಸಾಕು. ಅಂದಹಾಗೆ, ಸಂಶೋಧನಾ ಪ್ರಸ್ತಾವಗಳ ಮೊದಲ ಪ್ಯಾರಾದಲ್ಲೇ ನಡುವಿನ ಒಬ್ಬ ಕಾವಲುಗಾರ ಎಲ್ಲ ಕೈದಿಗಳನ್ನೂ ನೋಡಬಲ್ಲಂತೆ ಬೆಂಥಾಮ್ ಯೋಜಿಸಿದ ವೃತ್ತಾಕಾರದ ಸೆರೆಮನೆ ಮತ್ತು ಅದರ ಬಗ್ಗೆ ಫ್ರೆಂಚ್ ಚಿಂತಕ ಫೂಕೋ 1975ರಲ್ಲಿ ಬರೆದದ್ದು ಬಂದು ಕೂತಿರುತ್ತವೆ. ನಾನು ಅದನ್ನು ಪೆನ್ಸಿಲ್ಲಿನಿಂದ ಹೊಡೆದು, ಮೊದಲು ಒಂದು ಕಡತ ಓದಿ ಬನ್ನಿ ಎಂದು ಕಳಿಸುತ್ತೇನೆ.

ಕಡತ ಓದುವುದಕ್ಕೆ ಸಾಹಿತ್ಯದ ವಿದ್ಯಾರ್ಥಿಯೇ ಏಕೆ ಬೇಕು? ಒಂದು ಸಂದರ್ಶನದಲ್ಲಿ ನನ್ನನ್ನು, ಇದು ಸಾಹಿತ್ಯವೋ ಇತಿಹಾಸವೋ ಕಾನೂನೋ ಎಂದು ಕೇಳಿದ್ದರು, ಕೆಲಸ ಸಿಗಲಿಲ್ಲ. ಈಗ ಕೇಳಿದರೆ 1908ರ ತಿಲಕರ ವಿಚಾರಣೆಯನ್ನು ಮುಂದಿಡುತ್ತೇನೆ. ಲೇಖನಗಳಿದ್ದದ್ದು ಮರಾಠಿಯಲ್ಲಿ, ರಾಜದ್ರೋಹದ ವಿಚಾರಣೆ ನಡೆದದ್ದು ಸರ್ಕಾರಿ ಇಂಗ್ಲಿಷ್ ಅನುವಾದದ ಮೇಲೆ. ಅನುವಾದದಲ್ಲಿ ತಮ್ಮ ಮಾತಿನ ಅರ್ಥ ತಿರುಚಿಹೋಗಿದೆ ಎಂದು ತಿಲಕರು ನ್ಯಾಯಾಲಯದಲ್ಲಿ ದೀರ್ಘವಾಗಿ ವಾದಿಸಿದರು; ಆರು ವರ್ಷಗಳ ಶಿಕ್ಷೆಯಾಗಿ ಮಂಡಾಲೆಗೆ ಹೋದರು. ಪದದ ಧ್ವನಿ, ವ್ಯಂಗ್ಯ, ಗಾದೆ ಇವು ಒಬ್ಬ ಅನುವಾದಕನ ಮೇಜಿನ ಮೇಲೆ ಹೇಗೆ ಅಪರಾಧವಾಗುತ್ತವೆ ಎಂಬುದನ್ನು ಹೇಳಬಲ್ಲವರು ಧ್ವನಿ, ವ್ಯಂಗ್ಯಗಳನ್ನು ಕಲಿತವರೇ. ಆದ್ದರಿಂದ ಈ ದಾರಿ ಹಿಡಿಯುವವರಿಗೆ ಎಂ.ಎ., ನೆಟ್, ಪಿಎಚ್.ಡಿ.ಗಳ ಜೊತೆಗೆ ಕನಿಷ್ಠ ಎರಡು ಭಾರತೀಯ ಭಾಷೆಗಳಲ್ಲಿ ಹಿಡಿತವಿರಬೇಕು. ಮುಂಬಯಿ ಪ್ರಾಂತ್ಯದ ಹಳೆಯ ದಫ್ತರಗಳಿಗೆ ಇಳಿಯುವುದಾದರೆ ಹಿಂದೆ ಮರಾಠಿ ಬರೆಯಲು ಬಳಸುತ್ತಿದ್ದ ಮೋಡಿ ಲಿಪಿಯೂ ಬರಬೇಕು.

ಹಳಮೆಯ ಕಡೆಗೆ ತಿರುಗಿದರೆ ಸಾಮಗ್ರಿ ನಮ್ಮ ಮನೆ ಬಾಗಿಲಲ್ಲೇ ಇದೆ. ಸನ್ಯಾಸಿ, ವ್ಯಾಪಾರಿ, ಭಿಕ್ಷುಕಿಯ ವೇಷಗಳಲ್ಲಿ ಗೂಢಪುರುಷರನ್ನು ನೇಮಿಸುವ ವಿಧಾನ ಹೇಳುವ ಕೌಟಿಲ್ಯನ ಅರ್ಥಶಾಸ್ತ್ರವನ್ನು ಮೈಸೂರಿನಲ್ಲಿ ಗುರುತಿಸಿ, 1909ರಲ್ಲಿ ಅಚ್ಚು ಹಾಕಿಸಿದವರು ಆರ್. ಶಾಮಶಾಸ್ತ್ರಿಗಳು. ಅದಕ್ಕೂ ಮೊದಲೇ, 1823ರಲ್ಲಿ, ಕೆಂಪುನಾರಾಯಣ ಚಾಣಕ್ಯನ ಬೇಹುಗಾರಿಕೆಯ ಕಥೆಯನ್ನು ‘ಮುದ್ರಾಮಂಜೂಷ’ದಲ್ಲಿ ಕನ್ನಡ ಗದ್ಯವಾಗಿಸಿದ್ದ. ಕನ್ನಡದ ಹೊಸ ಗದ್ಯದ ಚರಿತ್ರೆಯನ್ನು ಬೇಹುಗಾರನಿಂದ ಶುರುಮಾಡಿ ಬರೆಯಲು ಸಾಧ್ಯವಿದೆ. ಇನ್ನೂ ಯಾರಾದರೂ ಕೈಹಾಕಲಿ ಎಂದು ಕಾಯುತ್ತಿದ್ದೇನೆ.

ಸ್ವಾತಂತ್ರ್ಯಾನಂತರದ ಕಾಲಕ್ಕೆ ಬಂದರೆ ಮಾತ್ರ ಬಾಗಿಲು ಮುಚ್ಚುತ್ತದೆ. ಅಮೆರಿಕದ ವಿಲಿಯಂ ಮ್ಯಾಕ್ಸ್‌ವೆಲ್ ಎಂಬ ಸಾಹಿತ್ಯ ವಿದ್ವಾಂಸರು ಕಪ್ಪು ಲೇಖಕರ ಮೇಲೆ ಅಲ್ಲಿನ ತನಿಖಾ ಸಂಸ್ಥೆ ಎಫ್‌ಬಿಐ ಇಟ್ಟಿದ್ದ ಕಡತಗಳನ್ನು ಅಲ್ಲಿನ ಮಾಹಿತಿ ಕಾಯಿದೆಯಡಿ ಕೇಳಿ ಪಡೆದು 2015ರಲ್ಲಿ ಪುಸ್ತಕ ತಂದರು. ಜೇಮ್ಸ್ ಬಾಲ್ಡ್‌ವಿನ್‌ನ ಕಡತವೊಂದೇ 1,884 ಪುಟ. ನಮ್ಮ 2005ರ ಮಾಹಿತಿ ಹಕ್ಕು ಕಾಯಿದೆಯ 24ನೇ ಕಲಮು ಗುಪ್ತಚರ ಸಂಸ್ಥೆಗಳಿಗೆ ವಿನಾಯಿತಿ ಕೊಡುತ್ತದೆ. ಭ್ರಷ್ಟಾಚಾರ, ಮಾನವ ಹಕ್ಕುಗಳ ಆರೋಪಗಳಿದ್ದರಷ್ಟೇ ಸಂದು ತೆರೆಯುತ್ತದೆ. ನಮ್ಮಲ್ಲಿ ಇಷ್ಟೊಂದು ಮಂದಿ ವಸಾಹತು ಕಾಲದಲ್ಲೇ ಉಳಿಯುವುದಕ್ಕೆ ಆಸಕ್ತಿಗಿಂತ ಈ ಕಲಮು ದೊಡ್ಡ ಕಾರಣ.

ಇನ್ನೊಂದು ಕಷ್ಟವನ್ನು ಯಾವ ಪಠ್ಯಕ್ರಮವೂ ಕಲಿಸುವುದಿಲ್ಲ. ಪೂರ್ವ ಜರ್ಮನಿಯ ಗುಪ್ತ ಪೊಲೀಸ್ ಸಂಸ್ಥೆ ಸ್ಟಾಸಿಯ ಕಡತಗಳು 1992ರಲ್ಲಿ ಜನರ ಓದಿಗೆ ತೆರೆದಾಗ ಕಾದಂಬರಿಕಾರ್ತಿ ಕ್ರಿಸ್ಟಾ ವೋಲ್ಫ್ ತಮ್ಮ ಮೇಲೆ ನಡೆದ ನಿಗಾದ 42 ಸಂಪುಟಗಳನ್ನು ಕಂಡರು. ಅವರೇ 1959ರಿಂದ 1962ರವರೆಗೆ ಮಾಹಿತಿ ಕೊಟ್ಟಿದ್ದ ತೆಳುವಾದ ಕಡತವೊಂದೂ ಇತ್ತು. ಪತ್ರಿಕೆಗಳು ತೆಳುವಾದುದನ್ನು ಹಿಡಿದುಕೊಂಡವು. ಕಡತಕ್ಕೆ ಯಾರದೋ ಉದ್ದೇಶವಿರುತ್ತದೆ, ಮಾಹಿತಿದಾರ ಮೇಲಧಿಕಾರಿಗೆ ಇಷ್ಟವಾಗುವುದನ್ನು ಬರೆದಿರುತ್ತಾನೆ, ಅದನ್ನು ಸತ್ಯವೆಂದು ಎತ್ತಿಕೊಳ್ಳುವ ಸಂಶೋಧಕ ಅದೇ ಕಚೇರಿಯ ತಡವಾಗಿ ಬಂದ ನೌಕರನಾಗುತ್ತಾನೆ. ನಿಷೇಧಿತ ಕರಪತ್ರಗಳಲ್ಲಿ ಎಷ್ಟೋ ಇಂದು ಉಳಿದಿರುವುದು ಮುಟ್ಟುಗೋಲು ಹಾಕಿಕೊಂಡವರ ಕಪಾಟಿನಿಂದಲೇ, ದೆಹಲಿಯ ರಾಷ್ಟ್ರೀಯ ಪತ್ರಾಗಾರ ಮತ್ತು ಲಂಡನ್ನಿನ ಬ್ರಿಟಿಷ್ ಲೈಬ್ರರಿಗಳಲ್ಲಿ. ಆ ಉಪಕಾರವನ್ನು ಅಲ್ಲಗಳೆಯುವಂತಿಲ್ಲ. ಆದರೆ ಕರಪತ್ರ ಓದುಗರಿಗೆಂದೇ ಬರೆದದ್ದು, ಕದ್ದು ನಕಲು ಮಾಡಿದ ಮನೆಯ ಪತ್ರ ಹಾಗಲ್ಲ.

ನನ್ನ ಪ್ರಬಂಧದ ಕಾಲದಲ್ಲಿ ಅಂಥದೊಂದು ಪತ್ರ ಸಿಕ್ಕಿತ್ತು. ಅಂಚೆಯಲ್ಲಿ ತಡೆದು, ಗುಮಾಸ್ತನೊಬ್ಬ ಅಂದವಾದ ಕೈಬರಹದಲ್ಲಿ ನಕಲು ತೆಗೆದು, ಮತ್ತೆ ಅಂಟಿಸಿ ಕಳಿಸಿದ್ದ ಪತ್ರ. ಅದರಲ್ಲಿ ರಾಜಕೀಯ ಒಂದು ಸಾಲು, ಉಳಿದದ್ದು ಗಂಡ ಹೆಂಡತಿಯ ಮಾತು. ಅಧ್ಯಾಯಕ್ಕೆ ಅದಕ್ಕಿಂತ ಒಳ್ಳೆಯ ಆರಂಭವಿರಲಿಲ್ಲ, ಮೂರು ಸಲ ಸೇರಿಸಿದೆ, ಮೂರು ಸಲ ತೆಗೆದೆ. ಕೊನೆಗೆ ಪ್ರಬಂಧದಲ್ಲಿ ಉಳಿದದ್ದು ಆ ಪತ್ರವನ್ನು ತಡೆದ ತಾರೀಕು, ನಕಲಿಗೆ ಹಿಡಿದ ಪುಟಗಳ ಸಂಖ್ಯೆ ಮತ್ತು ಅಧಿಕಾರಿ ಕೆಳಗೆ ಹಾಕಿದ ಒಂದು ಸಾಲಿನ ಷರಾ.