ಮೊದಮೊದಲ ಕಾಡುಪ್ರಾಣಿ ಸಿನಿಮಾಗಳನ್ನು ಕಾಡಲ್ಲೇ ತೆಗೆದರಾ?

ಪ್ರಶ್ನೆ: ನೂರು ವರ್ಷದ ಹಿಂದೆ ಈಗಿನಂಥ ಕ್ಯಾಮೆರಾಗಳೇ ಇರಲಿಲ್ಲ ಅಲ್ವಾ? ಆಗಿನ ಸಿಂಹದ ಸಿನಿಮಾಗಳೆಲ್ಲ ನಿಜವಾಗಿ ಕಾಡಲ್ಲೇ ತೆಗೆದವೇ?

ಉತ್ತರ: ಕೆಲವು ನಿಜ, ಕೆಲವು ಅಪ್ಪಟ ನಾಟಕ. ಎರಡಕ್ಕೂ ಉದಾಹರಣೆ ಒಂದೇ ಕಥೆಯಲ್ಲಿ ಸಿಗುತ್ತದೆ.

1909ರಲ್ಲಿ ಥಿಯೋಡರ್ ರೂಸ್‌ವೆಲ್ಟ್ ಅಮೆರಿಕದ ಅಧ್ಯಕ್ಷ ಪದವಿಯಿಂದ ಇಳಿದು, ಬೇಟೆಗೆಂದು ಪೂರ್ವ ಆಫ್ರಿಕಾಕ್ಕೆ ಹೊರಟರು. ಅವರ ಜೊತೆ ಕ್ಯಾಮೆರಾಮನ್ ಕಳಿಸಬೇಕೆಂದು ಶಿಕಾಗೋದ ನಿರ್ಮಾಪಕ ವಿಲಿಯಂ ಸೆಲಿಗ್‌ಗೆ ಆಸೆಯಿತ್ತು. ಅದು ಕೈಗೂಡಲಿಲ್ಲ. ಸೆಲಿಗ್ ಸುಮ್ನೆ ಕೂರಲಿಲ್ಲ. ಶಿಕಾಗೋ ಸ್ಟುಡಿಯೋದಲ್ಲೇ ಕಾಡಿನ ಸೆಟ್ ಹಾಕಿಸಿದರು. ರೂಸ್‌ವೆಲ್ಟ್ ಥರ ಕಾಣುವ ನಟನನ್ನು ಹುಡುಕಿದರು. ಮುದಿ ಸಿಂಹವೊಂದನ್ನು ಕೊಂಡು ತಂದರು. ಕ್ಯಾಮೆರಾ ಮುಂದೆ ಅದನ್ನು ನಿಜವಾಗಿಯೇ ಗುಂಡಿಟ್ಟು ಕೊಂದರು. ಇದನ್ನು ಓದುವಾಗಲೆಲ್ಲ ನನಗೆ ಸಂಕಟವಾಗುತ್ತದೆ. ರೂಸ್‌ವೆಲ್ಟ್ ಸಿಂಹ ಹೊಡೆದ ಸುದ್ದಿ ಪೇಪರಿನಲ್ಲಿ ಬರುವ ಹೊತ್ತಿಗೆ ಸಿನಿಮಾ ಬಿಡುಗಡೆಯಾಯಿತು. ಜನ ಮುಗಿಬಿದ್ದು ನೋಡಿದರು.

ಅದೇ ವರ್ಷ ಇಂಗ್ಲೆಂಡಿನ ವನ್ಯಜೀವಿ ಛಾಯಾಗ್ರಾಹಕ ಚೆರ್ರಿ ಕೀರ್ಟನ್ ಆಫ್ರಿಕಾದಲ್ಲೇ ಇದ್ದರು. ನಿಜವಾದ ರೂಸ್‌ವೆಲ್ಟ್‌ರನ್ನೂ ನಿಜವಾದ ಪ್ರಾಣಿಗಳನ್ನೂ ಚಿತ್ರೀಕರಿಸಿದರು. 1910ರಲ್ಲಿ ಅದು ತೆರೆಗೆ ಬಂದಾಗ ಸಪ್ಪೆಯಾಗಿದೆ ಎಂಬ ಮಾತು ಕೇಳಿಬಂತು.

ಕೀರ್ಟನ್‌ಗೆ ತಾಳ್ಮೆಯೇನೂ ಕಡಿಮೆ ಇರಲಿಲ್ಲ. ಅವರೂ ಅಣ್ಣ ರಿಚರ್ಡ್ ಅವರೂ ಹಿಂದೆ ಹಕ್ಕಿಗಳ ಫೋಟೋ ತೆಗೆಯಲು ಎತ್ತಿನ ಚರ್ಮದಿಂದ ಪೊಳ್ಳು ಎತ್ತು ಮಾಡಿಸಿ, ಅದರ ಹೊಟ್ಟೆಯೊಳಗೆ ಬಗ್ಗಿ ನಿಂತು ಕಾಯುತ್ತಿದ್ದವರು. ಹೈರಾಣು ಮಾಡಿದ್ದು ಕ್ಯಾಮೆರಾ. ಮೂರು ಕಾಲಿನ ಸ್ಟ್ಯಾಂಡಿನ ಮೇಲಿಟ್ಟು ಹ್ಯಾಂಡಲ್ ತಿರುಗಿಸಬೇಕು. ಒಂದು ಸುತ್ತಿಗೆ 8 ಚಿತ್ರ, ಸೆಕೆಂಡಿಗೆ ಎರಡು ಸುತ್ತು. ಲಯ ತಪ್ಪಿದರೆ ತೆರೆಯ ಮೇಲೆ ಪ್ರಾಣಿಯ ನಡಿಗೆಯೇ ಕೆಡುತ್ತದೆ. ಜೊತೆಗೆ ಟರಟರ ಸದ್ದು. ಸಿಂಹ ದಿಢೀರನೆ ಪಕ್ಕಕ್ಕೆ ಹಾರಿದರೆ ಹ್ಯಾಂಡಲನ್ನೂ ಬಿಡುವಂತಿಲ್ಲ, ಕ್ಯಾಮೆರಾವನ್ನೂ ತಿರುಗಿಸಬೇಕು. ಆಮೇಲೆ ಪೋಲೆಂಡಿನ ಕಾಜಿಮಿಯೆಷ್ ಪ್ರುಷಿನ್ಸ್ಕಿ ಅವರ ಏರೋಸ್ಕೋಪ್ ಎಂಬ ಕ್ಯಾಮೆರಾ ಬಂತು. ಪಂಪ್ ಹೊಡೆದು ಗಾಳಿ ತುಂಬಿಟ್ಟರೆ ರೀಲು ತಾನೇ ಓಡುತ್ತಿತ್ತು. ಕೈಯಲ್ಲಿ ಹಿಡಿದು ತೆಗೆಯಬಹುದಾದ ಈ ಕ್ಯಾಮೆರಾವನ್ನು ಕೀರ್ಟನ್ ಜಾಸ್ತಿ ನೆಚ್ಚಿಕೊಂಡರು.

ಸೆಲಿಗ್ ಮುಂದೆ 1915ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ಸ್ವಂತ ಮೃಗಾಲಯವನ್ನೇ ತೆರೆದರು.

ಆ ಕಾಲದ ರೀಲು ಎಲ್ಲಾದರೂ ನೋಡಲು ಸಿಕ್ಕರೆ ಅಳತೆ ಗಮನಿಸಿ. ಪ್ರಾಣಿ ದೂರದಲ್ಲಿ ಚಿಕ್ಕದಾಗಿ ಕಂಡು, ಅರ್ಧಕ್ಕೇ ಪೊದೆಯೊಳಗೆ ಮರೆಯಾದರೆ ಅದು ಬಹುಮಟ್ಟಿಗೆ ನಿಜ. ಸಿಂಹ ಕ್ಯಾಮೆರಾದ ನಟ್ಟನಡುವೆ ಬಂದು ಗುಂಡು ತಿಂದರೆ ಮಾತ್ರ ಅನುಮಾನಪಡಿ.