ಸೀನಿದಾಗ ಹುಟ್ಟಿದ ಸೀತೆ, ಬೆಂಕಿಗೆ ನಡೆದ ರಾಮ

ಸೀತೆ ಹುಟ್ಟಿದ್ದು ರಾವಣನ ಮೂಗಿನಿಂದ. ಕನ್ನಡದ ಒಂದು ಜನಪದ ರಾಮಾಯಣ ಹೀಗೆ ಹಾಡುತ್ತದೆ.

ಅಲ್ಲಿ ರಾವಣನ ಹೆಸರು ರಾವುಳ. ಗಂಡ ಹೆಂಡತಿಗೆ ಮಕ್ಕಳಿಲ್ಲ. ಕಾಡಿಗೆ ಹೋದ ರಾವುಳನಿಗೆ ಜೋಗಿಯ ವೇಷದಲ್ಲಿ ಶಿವ ಸಿಗುತ್ತಾನೆ, ಒಂದು ಮಾವಿನಹಣ್ಣು ಕೊಡುತ್ತಾನೆ. ತಿರುಳು ಹೆಂಡತಿಗೆ, ವಾಟೆ ನನಗೆ ಅಂತ ಮಾತು ಕೊಟ್ಟ ರಾವುಳ ಆಸೆಗೆ ಬಿದ್ದು ತಿರುಳನ್ನೆಲ್ಲ ತಾನೇ ತಿಂದು, ವಾಟೆಯನ್ನು ಮಂಡೋದರಿಗೆ ಚೀಪಲು ಕೊಡುತ್ತಾನೆ. ಬಸಿರು ಅವನಿಗೇ ನಿಲ್ಲುತ್ತದೆ. ದಿನಕ್ಕೊಂದು ತಿಂಗಳಂತೆ ತುಂಬುತ್ತಾ ಹೋಗಿ, ಒಂಬತ್ತನೇ ದಿನ ಅವನು ಸೀನುತ್ತಾನೆ. ಮಗು ಹೊರಗೆ ಬರುತ್ತದೆ. ಸೀತ ಅಂದರೆ ಸೀನಿದ. ಅದಕ್ಕೇ ಅವಳು ಸೀತೆ.

ಕೇಳಿದ ಕೂಡಲೇ ನಗು ಬರುತ್ತದೆ. ಒಂದು ಗಳಿಗೆ ಯೋಚಿಸಿದರೆ ಆ ನಗು ನಿಂತುಹೋಗುತ್ತದೆ. ಮುಂದೆ ಇವನು ಲಂಕೆಗೆ ಹೊತ್ತುಕೊಂಡು ಹೋಗುವುದು ತಾನೇ ಹೆತ್ತ ಮಗಳನ್ನು, ಅಲ್ವಾ? ಹೆರಿಗೆಯ ನೋವು ಗಂಡಸಿಗೆ ಬಂದರೆ ಹೇಗಿರುತ್ತದೆ ಅಂತ ಹಾಡಿನಲ್ಲಿ ಒಂದೊಂದು ದಿನವನ್ನೂ ಎಣಿಸುತ್ತಾರೆ. ಇದನ್ನು ಹಾಡಿದವರು ದಲಿತ ಗಾಯಕರು. ರಾಮೇಗೌಡ, ಪಿ.ಕೆ. ರಾಜಶೇಖರ, ಎಸ್. ಬಸವಯ್ಯ ಸೇರಿ ಸಂಗ್ರಹಿಸಿ 1973ರಲ್ಲಿ ಮೈಸೂರಿನಿಂದ ಪ್ರಕಟಿಸಿದರು. ಅದನ್ನು ಓದಿ, ತಮ್ಮ ಒಂದು ಪ್ರಬಂಧದಲ್ಲಿ ವಾಲ್ಮೀಕಿ, ತಮಿಳಿನ ಕಂಬ, ಜೈನ ರಾಮಾಯಣ, ಥಾಯ್ ರಾಮಾಯಣಗಳ ಪಕ್ಕದಲ್ಲಿ ಅಷ್ಟೇ ಗೌರವದಿಂದ ಇಟ್ಟವರು ಕವಿ, ವಿದ್ವಾಂಸ ಎ.ಕೆ. ರಾಮಾನುಜನ್. ಅವರೂ ಮೈಸೂರಿನವರೇ, 1929ರಲ್ಲಿ ಇಲ್ಲೇ ಹುಟ್ಟಿ, ಮಹಾರಾಜ ಕಾಲೇಜಿನಲ್ಲಿ ಓದಿ, ಆಮೇಲೆ ಷಿಕಾಗೋಗೆ ಹೋದವರು.

ರಾಮಾಯಣದ ಮಾತು ಬಂದಾಗಲೆಲ್ಲ ಈಗ ಒಂದು ಪ್ರಶ್ನೆ ಏಳುತ್ತದೆ. ಯಾವುದು ನಿಜವಾದದ್ದು? ಯಾರು ಬದಲಿಸಿದರು, ಬದಲಿಸಲು ಅವರಿಗೆ ಏನು ಹಕ್ಕಿದೆ? ನನಗೆ ಬೇರೆ ಪ್ರಶ್ನೆ ಜಾಸ್ತಿ ಮುಖ್ಯ ಅನಿಸುತ್ತದೆ. ಅವರು ಕಥೆಯ ಯಾವ ಜಾಗದಲ್ಲಿ ಬದಲಿಸಿದರು? ಕನ್ನಡದ ರಾಮಾಯಣಗಳನ್ನು ಹಿಂದಿನಿಂದ ನೋಡುತ್ತಾ ಬಂದರೆ ಒಂದು ವಿಷಯ ಕಾಣುತ್ತದೆ. ನಮ್ಮವರು ಸುಮ್ನೆ ಹೊಸದಾಗಿರಲಿ ಅಂತ ಕಥೆಯನ್ನು ಮುಟ್ಟಿದ್ದು ಕಡಿಮೆ. ಕಥೆ ಎಲ್ಲಿ ನೋಯಿಸಿತೋ ಅಲ್ಲಿ ಕೈ ಇಟ್ಟರು.

ರಾಮಾಯಣ ಹೇಳುವವರು ಎಷ್ಟು ಜನ ಇದ್ದರು ಅನ್ನುವುದಕ್ಕೆ ಕುಮಾರವ್ಯಾಸನೇ ಸಾಕ್ಷಿ. ರಾಮಾಯಣದ ಕವಿಗಳ ಭಾರಕ್ಕೆ ಭೂಮಿ ಹೊತ್ತ ಫಣಿರಾಯ ತಿಣುಕಿದ, ಆ ಕಥೆಯಲ್ಲಿ ಕಾಲಿಡಲು ಜಾಗವಿಲ್ಲ ಅಂದು ಅವನು ಮಹಾಭಾರತವನ್ನು ಹಿಡಿದ. ಅದು 15ನೇ ಶತಮಾನ.

ಅವನಿಗಿಂತ ಮೂರು ಶತಮಾನಕ್ಕೂ ಹಿಂದೆ, ಸುಮಾರು 1100ರ ಹೊತ್ತಿಗೆ, ನಾಗಚಂದ್ರ ಜೈನ ಸಂಪ್ರದಾಯದ ರಾಮಾಯಣ ಬರೆದಿದ್ದ. ಅಲ್ಲಿ ರಾವಣನಿಗೆ ಹತ್ತು ತಲೆಯ ರಾಕ್ಷಸತನ ಇಲ್ಲ. ಅವನು ದೊಡ್ಡ ಮನುಷ್ಯ, ವ್ರತ ಹಿಡಿದವನು, ಒಂದು ಗಳಿಗೆಯಲ್ಲಿ ಜಾರಿದವನು. ಸಮುದ್ರವೂ ಒಮ್ಮೊಮ್ಮೆ ಕಾಲವಶದಿಂದ ಎಲ್ಲೆ ದಾಟುವುದಿಲ್ಲವೇ ಅಂತ ಕವಿ ಕೇಳುತ್ತಾನೆ. ಸೀತೆಯ ನಿಷ್ಠೆ ಕಂಡು ರಾವಣನ ಮನಸ್ಸು ತಿರುಗುತ್ತದೆ. ಆದರೆ ಈಗಲೇ ಒಪ್ಪಿಸಿದರೆ ಹೆದರಿದ ಅನ್ನುತ್ತಾರೆ, ಯುದ್ಧದಲ್ಲಿ ಗೆದ್ದು ಆಮೇಲೆ ಒಪ್ಪಿಸುತ್ತೇನೆ ಅಂತ ನಿಶ್ಚಯಿಸುತ್ತಾನೆ. ಆ ದಿನ ಬರುವುದೇ ಇಲ್ಲ. ಅವನನ್ನು ಕೊಲ್ಲುವುದೂ ಲಕ್ಷ್ಮಣ, ಯಾಕೆಂದರೆ ಜೈನರ ರಾಮ ಕೊಲ್ಲುವಂತಿಲ್ಲ.

ಈ ರಾವಣನನ್ನು ಹೊಸ ಕಾಲಕ್ಕೆ ತೋರಿಸಿಕೊಟ್ಟವರು ಮಂಡ್ಯ ಜಿಲ್ಲೆಯ ಬೆಳ್ಳೂರು ಮನೆತನದವರು. ಬಿ.ಎಂ. ಶ್ರೀಕಂಠಯ್ಯನವರ ಹೆಸರಿನ ಮೊದಲ ಅಕ್ಷರವೇ ನಾಗಮಂಗಲ ತಾಲ್ಲೂಕಿನ ಆ ಬೆಳ್ಳೂರು. ಮೈಸೂರಿನಲ್ಲಿ ಇಂಗ್ಲಿಷ್ ಪಾಠ ಮಾಡುತ್ತಿದ್ದ ಅವರು ಗ್ರೀಕ್ ದುರಂತ ನಾಟಕಗಳನ್ನು ಅರೆದು ಕುಡಿದವರು. ನಾಗಚಂದ್ರನ ರಾವಣನಲ್ಲಿ ಅದೇ ದುರಂತ ನಾಯಕನನ್ನು ಕಂಡು ಇಂಗ್ಲಿಷಿನಲ್ಲಿ ಪ್ರಬಂಧ ಬರೆದರು. ಜೈನ ಕವಿಯ ಹಳಗನ್ನಡ ಕಾವ್ಯ ಬರೀ ಪಂಡಿತರ ಸೊತ್ತು ಅಂದುಕೊಂಡಿದ್ದವರಿಗೆ ಅದು ದೊಡ್ಡ ಮಾತು.

ಕುವೆಂಪು ಓದಿದ್ದು, ಪಾಠ ಮಾಡಿದ್ದು ಅದೇ ಮಹಾರಾಜ ಕಾಲೇಜಿನಲ್ಲಿ. 1936ರಲ್ಲಿ ಶುರುಮಾಡಿ ಸುಮಾರು ಹತ್ತು ವರ್ಷ ಶ್ರೀ ರಾಮಾಯಣ ದರ್ಶನಂ ಬರೆದರು. ಮೊದಲ ಭಾಗ ಅಚ್ಚಾಗಿದ್ದು 1949ರಲ್ಲಿ. 1955ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ, 1967ರಲ್ಲಿ ಜ್ಞಾನಪೀಠ ಬಂತು. ಕನ್ನಡಕ್ಕೆ ಎರಡೂ ಮೊದಲು. ಆದರೆ ಪ್ರಶಸ್ತಿಗಿಂತ ಒಳಗೆ ಏನಾಗಿದೆ ಅನ್ನುವುದು ನೋಡಬೇಕಾದ್ದು. ಮಂಥರೆ ಬರುವ ಸಂಚಿಕೆಯ ಹೆಸರು ಮಮತೆಯ ಸುಳಿ ಮಂಥರೆ. ಎಲ್ಲರೂ ದೂರ ತಳ್ಳಿದ ಗೂನುಬೆನ್ನಿನ ಹೆಂಗಸು, ಭರತನ ಮೇಲಿನ ಪ್ರೀತಿಯೊಂದೇ ಅವಳಿಗೆ ಉಳಿದದ್ದು. ಆ ಪ್ರೀತಿಯೇ ಸುಳಿಯಾಗುತ್ತದೆ. ಚಿಕ್ಕಂದಿನಿಂದ ಮಂಥರೆಯನ್ನು ಬೈಯುತ್ತಾ ಬೆಳೆದ ನನಗೆ ಈ ಭಾಗ ಓದಿದ ಮೇಲೆ ಆ ಬೈಗುಳ ಬಾಯಿಗೆ ಬರಲೇ ಇಲ್ಲ.

ಇನ್ನು ಅಗ್ನಿಪರೀಕ್ಷೆ. ಸಾವಿರಾರು ವರ್ಷದಿಂದ ಹೆಂಗಸರು ಬಾಯಿ ಬಿಟ್ಟು ಹೇಳದೆ ನುಂಗಿಕೊಂಡ ಜಾಗ ಅದು. ಕುವೆಂಪು ಅದನ್ನು ತೆಗೆದುಹಾಕಲಿಲ್ಲ, ಮರೆಸಲೂ ಇಲ್ಲ. ಸೀತೆ ಬೆಂಕಿಗೆ ಇಳಿದ ಮೇಲೆ ರಾಮನೂ ಅದೇ ಬೆಂಕಿಗೆ ಇಳಿಯುತ್ತಾನೆ. ಪರೀಕ್ಷೆ ಇದ್ದರೆ ಇಬ್ಬರಿಗೂ.

ರಾವಣನ ಕನಸಿನ ಭಾಗ ನನ್ನನ್ನು ಇನ್ನೂ ಬಿಟ್ಟಿಲ್ಲ. ಆ ಕನಸಿನಲ್ಲಿ ಅವನು ಎಳೆ ಮಗು, ಸೀತೆ ಅವನ ತಾಯಿ. ಹಾಡುಗಾರರ ಕಥೆಯಲ್ಲಿ ರಾವುಳ ಸೀತೆಯನ್ನು ಹೆತ್ತ, ಇಲ್ಲಿ ಸೀತೆ ರಾವಣನಿಗೆ ತಾಯಿಯಾದಳು. ಅಕ್ಷರ ಕಲಿಯಲು ಅವಕಾಶ ಸಿಗದವರು ಹಾಡಿದ ಹಾಡು ಒಂದು ಕಡೆ, ಮೈಸೂರಿನ ಒಂಟಿಕೊಪ್ಪಲಿನ ಉದಯರವಿ ಮನೆಯ ಕವಿ ಕುವೆಂಪು ಅವರ ಮಹಾಛಂದಸ್ಸು ಇನ್ನೊಂದು ಕಡೆ. ಇಬ್ಬರೂ ಬಂದು ನಿಂತಿದ್ದು ಒಂದೇ ಜಾಗದಲ್ಲಿ. ಹೆಣ್ಣನ್ನು ಹೊತ್ತುಕೊಂಡು ಹೋದವನ ಆಸೆಯನ್ನು ಬರೀ ಬಾಣದಿಂದ ಮುಗಿಸಲು ಇಬ್ಬರಿಗೂ ಮನಸ್ಸಾಗಲಿಲ್ಲ. ಒಬ್ಬರು ಅವನ ಹೊಟ್ಟೆಯಲ್ಲಿ ಅವಳನ್ನು ಇಟ್ಟರು, ಇನ್ನೊಬ್ಬರು ಅವಳ ಮಡಿಲಲ್ಲಿ ಅವನನ್ನು ಇಟ್ಟರು.

ಇದನ್ನೆಲ್ಲ ಎಲ್ಲರೂ ಕೈಮುಗಿದು ಒಪ್ಪಿಕೊಂಡರು ಅಂತಲ್ಲ. 1944ರ ಶೂದ್ರ ತಪಸ್ವಿ ನಾಟಕ ದೊಡ್ಡ ಚರ್ಚೆ ಎಬ್ಬಿಸಿತು. ಮೂಲದ ಉತ್ತರಕಾಂಡದಲ್ಲಿ ತಪಸ್ಸು ಮಾಡಿದ ತಪ್ಪಿಗೆ ಶೂದ್ರನಾದ ಶಂಬೂಕನ ತಲೆಯನ್ನು ರಾಮ ಕಡಿಯುತ್ತಾನೆ. ಕುವೆಂಪು ನಾಟಕದಲ್ಲಿ ರಾಮ ಬಿಟ್ಟ ಬ್ರಹ್ಮಾಸ್ತ್ರ ಶಂಬೂಕನನ್ನು ಬಿಟ್ಟು, ದೂರು ತಂದ ಬ್ರಾಹ್ಮಣನನ್ನೇ ಅಟ್ಟಿಸಿಕೊಂಡು ಬರುತ್ತದೆ. ಕೊನೆಗೆ ಆ ಬ್ರಾಹ್ಮಣ ಶಂಬೂಕನಿಗೆ ತಲೆಬಾಗುತ್ತಾನೆ. ಹಳೆ ಕಥೆಯನ್ನು ಹೀಗೆ ತಿರುಗಿಸುವುದು ಸರಿಯಲ್ಲ ಅಂತ ಮಾಸ್ತಿ ಆಕ್ಷೇಪಿಸಿದರು, ಕುವೆಂಪು ಉತ್ತರ ಕೊಟ್ಟರು. ಇಬ್ಬರೂ ದೊಡ್ಡವರು, ಇಬ್ಬರಿಗೂ ವಾಲ್ಮೀಕಿಯ ಮೇಲೆ ಪ್ರೀತಿ. ಮಾಸ್ತಿಯವರೂ ಮುಂದೆ ಶ್ರೀರಾಮ ಪಟ್ಟಾಭಿಷೇಕ ಬರೆದರು. ನಾನು ಈ ವಿಷಯದಲ್ಲಿ ಕುವೆಂಪು ಪಕ್ಷ. ಆದರೆ ಜಗಳ ನಡೆದ ರೀತಿ ನೋಡಿ: ಬರಹಕ್ಕೆ ಎದುರಾಗಿ ಬಂದಿದ್ದು ಬರಹ.

ಆಮೇಲೆ ಮೈಸೂರಿನಲ್ಲಿ ಕಥೆಗಳು ಬರುತ್ತಲೇ ಹೋದವು. ಯಾದವಗಿರಿಯ ಆರ್.ಕೆ. ನಾರಾಯಣ್ 1972ರಲ್ಲಿ ಕಂಬನನ್ನು ಹಿಡಿದು ಇಂಗ್ಲಿಷಿನಲ್ಲಿ ರಾಮಾಯಣ ಹೇಳಿದರು. ಎಸ್.ಎಲ್. ಭೈರಪ್ಪ 1979ರ ಪರ್ವದಲ್ಲಿ ಮಹಾಭಾರತದಿಂದ ಪವಾಡಗಳನ್ನೆಲ್ಲ ಕಳಚಿದರು, 2017ರ ಉತ್ತರಕಾಂಡದಲ್ಲಿ ಸೀತೆಯ ಕಣ್ಣಿನಿಂದ ರಾಮಾಯಣ ನೋಡಿದರು. ಪರ್ವವನ್ನು ಮೈಸೂರಿನ ನಾಟಕ ಸಂಸ್ಥೆ ರಂಗಾಯಣ 2021ರಲ್ಲಿ ಸುಮಾರು ಎಂಟು ಗಂಟೆಯ ನಾಟಕ ಮಾಡಿತು. ಕುವೆಂಪು ಮತ್ತು ಭೈರಪ್ಪ ವಿಚಾರದಲ್ಲಿ ಎಷ್ಟು ದೂರದವರು ಅನ್ನುವುದು ಕನ್ನಡ ಓದುವ ಎಲ್ಲರಿಗೂ ಗೊತ್ತು. ಇಬ್ಬರನ್ನೂ ಸೀತೆಯ ನೋವು ತಡೆದು ನಿಲ್ಲಿಸಿತು.

ರಾಮಾನುಜನ್ ಪ್ರಬಂಧಕ್ಕೆ ಏನಾಯಿತು ಅಂತ ಹೇಳಲೇಬೇಕು. 1987ರಲ್ಲಿ ಮಂಡಿಸಿ 1991ರಲ್ಲಿ ಅಚ್ಚಾದ ಆ ಬರಹ ದೆಹಲಿ ವಿಶ್ವವಿದ್ಯಾಲಯದಲ್ಲಿ ಇತಿಹಾಸದ ಪಠ್ಯವಾಗಿತ್ತು. 2008ರಲ್ಲಿ ಅದನ್ನು ವಿರೋಧಿಸಿ ಕೆಲವರು ಇತಿಹಾಸ ವಿಭಾಗಕ್ಕೆ ನುಗ್ಗಿ ದಾಂಧಲೆ ಮಾಡಿದರು. 2011ರ ಅಕ್ಟೋಬರಿನಲ್ಲಿ ಅದನ್ನು ಪಠ್ಯದಿಂದ ತೆಗೆದರು. ಪರಿಶೀಲಿಸಿದ ನಾಲ್ವರು ತಜ್ಞರಲ್ಲಿ ಮೂವರು ಇರಲಿ ಅಂದಿದ್ದರು. ರಾಮಾನುಜನ್ ಅಷ್ಟರಲ್ಲಿ ತೀರಿಕೊಂಡು 18 ವರ್ಷ ಆಗಿತ್ತು. ಅವರು ಆ ಪ್ರಬಂಧದಲ್ಲಿ ಅಧ್ಯಾತ್ಮ ರಾಮಾಯಣದ ಸೀತೆಯನ್ನು ಕರೆತರುತ್ತಾರೆ. ಕಾಡಿಗೆ ಬರಬೇಡ ಅಂದ ರಾಮನಿಗೆ ಅವಳು ಕೇಳುತ್ತಾಳೆ: ಇದಕ್ಕೆ ಮೊದಲು ಎಷ್ಟೋ ರಾಮಾಯಣಗಳು ಆಗಿವೆ, ಸೀತೆ ಕಾಡಿಗೆ ಹೋಗದೇ ಇರುವ ಒಂದನ್ನಾದರೂ ತೋರಿಸು.

ನಮ್ಮ ಹಾಡುಗಾರರ ಸೀನಿನ ಕಥೆಯೂ ಅದೇ ಪ್ರಬಂಧದಲ್ಲಿದೆ. ಅಂದರೆ ಪಠ್ಯದಿಂದ ಹೊರಗೆ ಹೋದದ್ದರಲ್ಲಿ ಅವರ ದನಿಯೂ ಇತ್ತು. ನನಗೆ ಜಾಸ್ತಿ ನೋವಾಗುವುದು ಅದಕ್ಕೆ.

ಪುಸ್ತಕ ಓದದವರಿಗೆ ನಮ್ಮ ಕಡೆ ಜಾಗಗಳೇ ರಾಮಾಯಣ. ಮೇಲುಕೋಟೆಯ ಧನುಷ್ಕೋಟಿಗೆ ಹೋದರೆ, ಸೀತೆಗೆ ಬಾಯಾರಿದಾಗ ರಾಮ ಬಾಣ ಬಿಟ್ಟು ಬಂಡೆಯಿಂದ ನೀರು ತರಿಸಿದ ಅನ್ನುತ್ತಾರೆ. ಕೆ.ಆರ್. ನಗರದ ಹತ್ತಿರ ಚುಂಚನಕಟ್ಟೆಯಲ್ಲಿ ಚುಂಚ, ಚುಂಚಿ ಅನ್ನುವ ಕಾಡಿನ ಗಂಡ ಹೆಂಡತಿ ವನವಾಸದ ಮೂವರನ್ನು ಉಪಚರಿಸಿದರು ಅನ್ನುತ್ತಾರೆ. ಇವರು ಯಾವ ಪುಸ್ತಕದ ರಾಮಾಯಣದಲ್ಲೂ ನನಗೆ ಸಿಕ್ಕಿಲ್ಲ. ಅಲ್ಲಿನ ಕೋದಂಡರಾಮನ ಗುಡಿಯಲ್ಲಿ ಸೀತೆ ನಿಂತಿರುವುದು ರಾಮನ ಬಲಗಡೆ. ಹೊರಗೆ ಕಾವೇರಿ ಧುಮುಕುವ ಸದ್ದಿಗೆ ಪಕ್ಕದವರ ಮಾತು ಕೇಳಿಸುವುದಿಲ್ಲ. ಗರ್ಭಗುಡಿಯೊಳಗೆ ಮಾತ್ರ ಆ ಸದ್ದು ಬರುವುದಿಲ್ಲ ಅಂತ ಊರಿನವರು ಹೇಳುತ್ತಾರೆ. ಮಳೆಗಾಲದಲ್ಲಿ ನದಿ ತುಂಬಿದಾಗ ಹೋಗಿ, ಬಾಗಿಲ ಹತ್ತಿರ ಸ್ವಲ್ಪ ಹೊತ್ತು ನಿಂತು ಕೇಳಿ.