ಫೈಲಿನ ಮೇಲೊಂದು ಹಾಳೆ ಇರಲಿ

ಸೆರೆಬ್ರಲ್ ಪಾಲ್ಸಿ, ಅಂದರೆ ಎಳೆಯ ಮೆದುಳಿಗಾದ ಹಾನಿಯಿಂದ ಚಲನೆಗೆ ತೊಂದರೆಯಾಗುವ ಸ್ಥಿತಿ, ಇರುವ ಎಷ್ಟೋ ಮಕ್ಕಳಿಗೆ ಕೈಕಾಲಿನ ಬಿಗಿತವೊಂದೇ ತೊಂದರೆಯಲ್ಲ. ಫಿಟ್ಸ್, ನುಂಗುವ ಕಷ್ಟ, ಮಲಬದ್ಧತೆ, ದೃಷ್ಟಿದೋಷ ಎಲ್ಲವೂ ಜೊತೆಗೇ ಬರುತ್ತವೆ. ಒಂದೊಂದಕ್ಕೂ ಬೇರೆ ಡಾಕ್ಟರು, ಬೇರೆ ಚೀಟಿ. ಇದನ್ನೆಲ್ಲ ಜೋಡಿಸಿ ತಲೆಯಲ್ಲಿಟ್ಟುಕೊಂಡಿರುವವರು ಮನೆಯಲ್ಲಿ ಒಬ್ಬರೇ, ಹೆಚ್ಚಾಗಿ ತಾಯಿ. ಆಕೆ ಜ್ವರ ಬಂದು ಮಲಗಿದರೆ ಯಾವ ಬಾಟಲಿಯಿಂದ ಎಷ್ಟು ಕುಡಿಸಬೇಕೆಂದು ಹೇಳುವವರೇ ಇರುವುದಿಲ್ಲ.

ಹಾಗಾಗಿ ಮಕ್ಕಳ ಡಾಕ್ಟರಾಗಿ ನಾನು ಮೊದಲು ಕೇಳುವುದು ಮನೆಯ ದಿನಚರಿಯನ್ನು. ರಿಪೋರ್ಟು ಆಮೇಲೆ. "ಬೆಳಿಗ್ಗೆ ಎದ್ದಾಗಿನಿಂದ ಹೇಳಮ್ಮಾ" ಅಂದರೆ ಸಾಕು, ಯಾವ ಪರೀಕ್ಷೆಯಲ್ಲೂ ಕಾಣದ್ದು ಹೊರಬರುತ್ತದೆ. ಪದೇ ಪದೇ ನ್ಯುಮೋನಿಯಾ ಆಗುತ್ತಿದ್ದ ಮಗುವಿನ ತಾಯಿಯೊಬ್ಬರು, "ಕೂರಿಸಿದರೆ ಕುತ್ತಿಗೆ ನಿಲ್ಲಲ್ಲ ಡಾಕ್ಟ್ರೇ, ಮಲಗಿಸ್ಕೊಂಡೇ ಗಂಜಿ ಹಾಕ್ತೀನಿ, ಕೆಮ್ಮಿದರೆ ಬೆನ್ನು ತಟ್ತೀನಿ" ಎಂದರು. ತೆಳು ಗಂಜಿ ಶ್ವಾಸನಾಳಕ್ಕೆ ಇಳಿಯುತ್ತಿತ್ತು. ಬೆನ್ನಿಗೂ ಕುತ್ತಿಗೆಗೂ ಆಸರೆ ಕೊಟ್ಟು ಕೂರಿಸಿ, ತಲೆಯನ್ನು ತುಸು ಮುಂದಕ್ಕೆ ಬಾಗಿಸಿ, ರಾಗಿ ಸರಿಯನ್ನು ಗಟ್ಟಿಯಾಗಿ ಮಾಡಿ, ಒಂದು ಚಮಚ ನುಂಗಿದ ಮೇಲೆ ಇನ್ನೊಂದು ಕೊಡುವುದನ್ನು ಥೆರಪಿಸ್ಟ್ ಎದುರಿಗೇ ಕೂತು ಕಲಿಸಿದರು. ಇಷ್ಟಾದರೂ ತೂಕ ಏರದ ಮಕ್ಕಳಿಗೆ ಹೊಟ್ಟೆಗೆ ನೇರ ನಳಿಕೆ ಹಾಕುವ ಮಾತು ಬರುತ್ತದೆ. ತಾಯಂದಿರು ಇದನ್ನು ತಮ್ಮ ಸೋಲೆಂದು ಅಳುತ್ತಾರೆ. ಖಂಡಿತ ಅಲ್ಲ. ದಿನದ ಬಹುಪಾಲು ಊಟ ಮಾಡಿಸುವುದರಲ್ಲೇ ಕಳೆದು, ಆದರೂ ಮಗು ಸೊರಗುತ್ತಿದ್ದರೆ ನಾನಂತೂ ನಳಿಕೆಯ ಪರವಾಗಿಯೇ ಮಾತಾಡುತ್ತೇನೆ.

ದಿನಚರಿ ತಿಳಿದ ಮೇಲೆ ಒಂದೇ ಒಂದು ಹಾಳೆ ಬರೆಯುತ್ತೇವೆ, ಕನ್ನಡದಲ್ಲಿ, ಮನೆಯವರೇ ಓದಿಕೊಳ್ಳುವಂತೆ. ಮಗುವಿನ ತೂಕ, ತೂಕ ನೋಡಿದ ತಾರೀಖು, ಅಲರ್ಜಿ, ಔಷಧಿಗಳು. ಸಿರಪ್ಪಿಗೆ "5 ಎಂಎಲ್" ಎಂದಷ್ಟೇ ಬರೆದರೆ ಅಪಾಯ. ಒಂದೇ ಔಷಧಿ ಬೇರೆ ಕಂಪನಿಯ ಬಾಟಲಿಯಲ್ಲಿ ಬೇರೆ ಸಾಂದ್ರತೆಯಲ್ಲಿರಬಹುದು. ಎಷ್ಟು ಎಂಎಲ್‌ನಲ್ಲಿ ಎಷ್ಟು ಮಿಲಿಗ್ರಾಂ ಅನ್ನುವುದೂ ಇರಲೇಬೇಕು. ಫಿಟ್ಸ್ ಔಷಧಿ ಮುಗಿಯುವ ಒಂದು ವಾರ ಮೊದಲೇ ತರಿಸಿ, ಥಟ್ಟನೆ ನಿಂತರೆ ಫಿಟ್ಸ್ ಜೋರಾಗಿ ಮರಳಬಹುದು. ಮಗು ಬೆಳೆದಂತೆ ಡೋಸ್ ಸಾಲದೆ ಬರುವುದೂ ಉಂಟು, ಹಾಗಾಗಿಯೇ ತೂಕದ ತಾರೀಖು.

ಹಾಳೆಯ ಹಿಂಬದಿಯಲ್ಲಿ ಫಿಟ್ಸ್ ಬಂದಾಗ ಮಾಡಬೇಕಾದದ್ದು, ದೊಡ್ಡ ಅಕ್ಷರದಲ್ಲಿ. ಗಡಿಯಾರ ನೋಡಿ, ಮಗ್ಗುಲಿಗೆ ಮಲಗಿಸಿ, ಬಾಯಿಗೆ ಏನನ್ನೂ ಹಾಕಬೇಡಿ, ನೀರನ್ನೂ ಕೂಡ. ಕೈಗೆ ಕಬ್ಬಿಣ, ಬೀಗದ ಕೈ ಹಿಡಿಸುವುದರಿಂದ ಫಿಟ್ಸ್ ನಿಲ್ಲುವುದಿಲ್ಲ. 5 ನಿಮಿಷ ದಾಟಿದರೆ 108ಕ್ಕೆ ಫೋನ್ ಮಾಡಿ, ಡಾಕ್ಟರು ಬರೆದುಕೊಟ್ಟಿದ್ದರೆ ಫಿಟ್ಸ್ ನಿಲ್ಲಿಸುವ ಮಿಡಾಜೋಲಂ ಮೂಗಿನ ಸ್ಪ್ರೇ ಹಾಕಿ.

ಇನ್ನು ನಾನು ಹಟ ಹಿಡಿಯುವ ವಿಷಯ, ಎರಡನೇ ವ್ಯಕ್ತಿ. ಅಪ್ಪನೋ ಅಜ್ಜಿಯೋ ಚಿಕ್ಕಮ್ಮನೋ, ಒಬ್ಬರು ಎಲ್ಲವನ್ನೂ ಕಲಿತಿರಬೇಕು. ಮುಂದಿನ ಭೇಟಿಗೆ ಅವರೇ ಮಗುವನ್ನು ಕರೆತಂದು, ನನ್ನ ಮುಂದೆ ಔಷಧಿ ಅಳೆದು ತೋರಿಸಬೇಕು. ತಾಯಿ ಒಂದು ದಿನ ತವರಿಗೆ ಹೋಗಿ ನಿಶ್ಚಿಂತೆಯಿಂದ ಮಲಗಿ ಬರುವಂತಾಗಬೇಕು, ಇದೂ ಚಿಕಿತ್ಸೆಯ ಭಾಗವೇ.

ಕಾಗದಪತ್ರದ ಕೆಲಸ ಬೇಸರದ್ದು, ಆದರೆ ಮುಂದೂಡಬೇಡಿ. ಅಂಗವಿಕಲರ ಗುರುತಿನ ಚೀಟಿಯಾದ ಯುಡಿಐಡಿ ಕಾರ್ಡು ಮಾಡಿಸಿ. ಕೇಂದ್ರ ಸರ್ಕಾರದ ಸಂಸ್ಥೆಯಾದ ನ್ಯಾಷನಲ್ ಟ್ರಸ್ಟಿನ ನಿರಾಮಯ ಆರೋಗ್ಯ ವಿಮೆ ವರ್ಷಕ್ಕೆ 1 ಲಕ್ಷ ರೂಪಾಯಿವರೆಗೆ ಸಿಗುತ್ತದೆ. ಸೆರೆಬ್ರಲ್ ಪಾಲ್ಸಿ, ಆಟಿಸಂ, ಬೌದ್ಧಿಕ ನ್ಯೂನತೆ, ಬಹುವಿಧ ನ್ಯೂನತೆ ಇರುವವರಿಗೆ ಅದು. ಥೆರಪಿ, ಓಪಿಡಿ ಖರ್ಚೂ ಸೇರುತ್ತದೆ, ಬಿಲ್ಲುಗಳನ್ನು ಎತ್ತಿಡಿ.

ಮಗುವಿಗೆ 18 ತುಂಬಿದ ಮೇಲೆ ಅಪ್ಪ ಅಮ್ಮ ತಾವಾಗಿಯೇ ಕಾನೂನುಬದ್ಧ ಪೋಷಕರಾಗಿ ಉಳಿಯುವುದಿಲ್ಲ ಎಂಬುದು ಬಹಳ ಮನೆಗಳಿಗೆ ಗೊತ್ತಿಲ್ಲ. ಪೋಷಕತ್ವ ಬೇಕಾದರೆ 1999ರ ನ್ಯಾಷನಲ್ ಟ್ರಸ್ಟ್ ಕಾಯ್ದೆಯಡಿ ಜಿಲ್ಲಾಧಿಕಾರಿಗಳ ಸ್ಥಳೀಯ ಸಮಿತಿಗೆ ಅರ್ಜಿ ಹಾಕಬೇಕು. ನಮ್ಮ ನಂತರ ಯಾರು ಎಂಬ ಮಾತನ್ನೂ ಅದಕ್ಕೆ ಮುಂಚೆಯೇ ಎತ್ತಿ. ಅಕ್ಕನನ್ನೋ ತಮ್ಮನನ್ನೋ ಆ ಮಾತಿಗೆ ಕೂರಿಸಿಕೊಳ್ಳಿ, ಅವರಿಗೆ ಆಗುವುದೋ ಇಲ್ಲವೋ ಎಂದು ಅವರನ್ನೇ ಕೇಳಿ.